ನಾಯಿನ್ನ ಕಟ್ಟಿ ಹಾಕಿದ್ರ ಅದು ಕಲತಂಗಲ್ಲ

ಹ್ವಾದ ಶುಕ್ರವಾರ ನಮ್ಮ ಓಣ್ಯಾಗ ಒಬ್ಬರ ಮನಿಗೆ ಅರಿಷಿಣ ಕುಂಕುಮಕ್ಕ ಕರದಿದ್ರು. ಉಡಿ ತುಂಬಿಸ್ಕೊಂಡು, ಚಹಾ ಕುಡಕೋತ ಕುಂತಾಗ ಮಾತು ಹೆಂಗೋ ನಾಯಿ ಮ್ಯಾಲೆ ಬಂತು. ಒಬ್ಬರು ಅಕ್ಕಾರು ಅಂದ್ರು, "ನಮ್ಮ ನಾಯಿ ಹಿತ್ತಲಾ ಪೂರಾ ಕೆದರಿ ಹಾಳ ಮಾಡತಿತ್ತರಿ. ಎರಡು ತಿಂಗಳಾತು, ಸರಪಳಿ ಹಾಕೇವಿ. ಈಗ ಒಂದ ತಗ್ಗು ತಗಿಯಂಗಿಲ್ಲ ನೋಡ್ರಿ, ಅಗದಿ ಶಾಣ್ಯಾ ಆಗೈತಿ." ಎಲ್ಲಾರೂ ಹೂಂ ಅಂದ್ರು. ನನ್ನ ಬಾಯಾಗ ಶೇಂಗಾ ಉಂಡಿ ಇತ್ತು, ಏನೂ ಅನ್ಲಿಲ್ಲ. ಉಂಡಿ ಇರಲಿಕ್ಕಂದ್ರೂ ಅಂತಿದ್ದಿಲ್ಲೇನೋ. ಕರದವರ ಮನ್ಯಾಗ ಕುಂತು ಕರದ ಮಂದಿಗೆ ಬುದ್ಧಿ ಹೇಳೂದು ಚೊಲೋ ಕಾಣಂಗಿಲ್ಲ.

ಮನಿಗೆ ಬಂದ ಮ್ಯಾಲೂ ಅದ ಮಾತು ತಲ್ಯಾಗ. ಕಟ್ಟಿ ಹಾಕಿದ ನಾಯಿ ತಗ್ಗು ಹೆಂಗ ತಗೀತೈತಿ? ಬಾಯಿಗೆ ಬಟ್ಟಿ ತುರುಕಿದ್ರ ಕೂಸು ಅಳಂಗಿಲ್ಲ, ಹಂಗಂತ ಅದಕ್ಕ ಸಮಾಧಾನ ಆಗೈತಿ ಅಂತೀವೇನು? ಆ ಅಕ್ಕಾರ ಮ್ಯಾಲೆ ನನಗ ಸಿಟ್ಟಿಲ್ಲ. ಯಾಕಂದ್ರ ಇದ ಕೆಲಸ ನಾನೂ ಮಾಡೇನಿ. ಎರಡೂವರಿ ತಿಂಗಳು ನಮ್ಮ ಗುಂಡ್ಯಾಗ ಸರಪಳಿ ಹಾಕಿ, ಇದ ಮಾತ ನಾನೂ ನಾಕ ಮಂದಿ ಮುಂದ ಹೇಳೇನಿ. ಅದಕ್ಕ ಈ ಬರಿಯೂದು.

ಗುಂಡ್ಯಾ ನಮ್ಮನಿಗೆ ಬಂದು ಮೂರು ವರ್ಷ ಆತು. ಜುಲೈ ತಿಂಗಳ ಜಡಿಮಳಿ, ಧಾರವಾಡದ ಮಳಿ ಗೊತ್ತೈತೆಲ್ಲ, ಒಮ್ಮಿ ಹಿಡೀತಂದ್ರ ನಾಕ ದಿನ ಅರಬಿ ಒಣಗಂಗಿಲ್ಲ. ಓಣಿ ಮೂಲ್ಯಾಗಿನ ಗಟಾರದ ಸಿಡಿ ಕೆಳಗ ಕುಂಯ್ ಕುಂಯ್ ಅಂತಿತ್ತು. ಮಗಳು ಪಿಯುಸಿ ಎರಡನೇ ವರ್ಷ ಇದ್ಲು, ತನ್ನ ಓಢಣಿಯಾಗ ಸುತಗೊಂಡು ಬಂದ್ಲು. "ಮಮ್ಮಿ, ನಾ ನೋಡ್ಕೋತೀನಿ, ನಿನಗ ಏನೂ ತ್ರಾಸ ಕೊಡಂಗಿಲ್ಲ" ಅಂದ್ಲು. ಮುಂದಿನ ವರ್ಷ ಇಂಜಿನಿಯರಿಂಗ್‌ಗೆ ಬೆಂಗಳೂರಿಗೆ ಹೋದ್ಲು. ನಾಯಿ ನನ್ನ ಕೈಯಾಗ ಉಳೀತು. ಇದು ನಮ್ಮೊಬ್ಬರ ಮನಿ ಕಥಿ ಅಲ್ಲ ಬಿಡ್ರಿ. ನಾಯಿ ತರೋರು ಒಬ್ಬರು, ಅದರ ಹೇಲು ಬಳಿಯೋರು ಇನ್ನೊಬ್ಬರು.

ಗುಂಡ್ಯಾಂದು ಕಾಲು ಉದ್ದ, ಹೊಟ್ಟಿ ಒಳಗ ಸೇರಿದಂಗ, ಮೂತಿ ಚೂಪ. ನಮ್ಮನಿಯವರು "ಎಲ್ಲೋ ಒಂದು ಕಡೆ ಮುಧೋಳ ರಕ್ತ ಐತಿ" ಅಂತ ಬಂದ ಮಂದಿಗೆಲ್ಲಾ ಹೇಳ್ತಾರ. ಮುಧೋಳದವರು ಕೇಳಿದ್ರ ನಕ್ಕಾರು. ಆದ್ರ ಓಡೂದು ನೋಡಿದ್ರ ಖರೇ ಇರಬೇಕು ಅನಸತೈತಿ. ಮುಧೋಳ ನಾಯಿ ಅಂದ್ರ ಸಣ್ಣ ಮಾತಲ್ಲ. ಮುಧೋಳದ ಘೋರ್ಪಡೆ ರಾಜರು ಸಾಕಿ ಬೆಳೆಸಿದ ಜಾತಿ, 2005 ರಾಗ ಅಂಚೆ ಇಲಾಖೆಯವರು ಅದರ ಚಿತ್ರ ಹಾಕಿ ಸ್ಟಾಂಪ್ ತಗದ್ರು, ಮಿಲಿಟ್ರಿಯವರೂ ಒಯ್ದು ತರಬೇತಿ ಕೊಟ್ಟಾರ. ಕಣ್ಣಿಗೆ ಮೊಲ ಕಂಡ್ರ ಬಯಲಾಗ ಗಾಳಿಯಂಗ ಓಡಾಕ ಹುಟ್ಟಿದ ಜಾತಿ. ಅಂಥಾ ಜಾತಿದು ಒಂದು ಹನಿ ರಕ್ತ ಇರೂ ನಾಯಿನ್ನ ಮೂವತ್ತು ಫೂಟಿನ ಹಿತ್ತಲದಾಗ ಇಟ್ಟು, ಶಾಂತ ಇರು ಅಂದ್ರ ಹೆಂಗ?

ಇದೆಲ್ಲ ಈಗ ಹೇಳಾಕತ್ತೇನಿ. ಆವಾಗ ಇಷ್ಟು ಬುದ್ಧಿ ಇದ್ದಿಲ್ಲ.

ಮೊದಲನೇ ತಗ್ಗು ತಗದಿದ್ದು ಏಪ್ರಿಲ್ ತಿಂಗಳದಾಗ, ಒಗಿಯೂ ಕಲ್ಲಿನ ಬಾಜೂಕ. ಅಲ್ಲೆ ಯಾವಾಗ್ಲೂ ನೀರು ಇಂಗಿ ಮಣ್ಣು ತಂಪ ಇರತೈತಿ. ನಮ್ಮ ಕಡೆ ಮಸಾರಿ ಮಣ್ಣು, ಕೆಂಪು, ತೋಡಾಕ ಹಗುರ. ನವಲಗುಂದ ಕಡೆ ಎರಿ ಮಣ್ಣಾಗಿದ್ರ ಬ್ಯಾಸಗ್ಯಾಗ ಅದರ ಉಗುರು ಕಿತ್ತು ಬರತಿದ್ದುವು. ತಗ್ಗು ತಗದು ಅದರಾಗ ಸುರುಳಿ ಸುತ್ತಿ ಮಲಗತಿತ್ತು. ನಾ ಮುಚ್ಚೂದು, ಅದು ಮತ್ತ ತಗಿಯೂದು. ಯಾರೋ "ತಗ್ಗಿನಾಗ ನೀರು ಹಾಕ್ರಿ, ಬರಂಗಿಲ್ಲ" ಅಂದ್ರು. ಹಾಕಿದ್ನಿ. ಇನ್ನೂ ಖುಷಿ ಆತು ಅದಕ್ಕ, ಎಮ್ಮಿ ಕೆರ್‍ಯಾಗ ಕುಂತಂಗ ಕುಂತು ನಾಲಿಗಿ ಹೊರಗ ಹಾಕಿ ನನ್ನ ನೋಡತಿತ್ತು.

ಅದಕ್ಕ ಸೆಕಿ ಆಗತಿತ್ತು, ಅಷ್ಟ ವಿಷಯ. ನಾಯಿಗೆ ನಮ್ಮಂಗ ಮೈತುಂಬ ಬೆವರು ಬರಂಗಿಲ್ಲ. ಅಂಗಾಲಾಗ ಚೂರು ಬೆವರತಾವ, ಉಳಿದದ್ದೆಲ್ಲ ನಾಲಿಗಿ ತಗದು ಏದುಸಿರು ಬಿಟ್ಟ ಮೈ ತಂಪ ಮಾಡ್ಕೋಬೇಕು. ಅದರ ಮೈ ಶಾಖ ಮೊದಲ ನಮಗಿಂತ ಹೆಚ್ಚು, ನಮಗ 98.6 ಇದ್ರ ಅದಕ್ಕ 101, 102 ಇರತೈತಿ, ಜ್ವರ ಇಲ್ಲದನ. ಹೊರಗ 36-37 ಡಿಗ್ರಿ ಬಿಸಲು, ನಾವು ಫ್ಯಾನಿನ ಕೆಳಗ, ಅದು ತಗಡಿನ ಚಪ್ಪರದ ಕೆಳಗ. ತಂಪ ಮಣ್ಣು ಹುಡುಕದ ಏನ ಮಾಡಬೇಕು? ನಮ್ಮ ಅವ್ವ ಬ್ಯಾಸಗಿಗೆ ಮಣ್ಣಿನ ಗಡಗಿ ಕೆಳಗ ಹಸಿ ಉಸುಕು ಹಾಕಿ ಇಡತಿದ್ಲು. ಅವ್ವ ಮಾಡಿದ್ರ ಜಾಣತನ, ನಾಯಿ ಮಾಡಿದ್ರ ಲುಚ್ಚಾತನ.

ಆದ್ರ ಮನಿಯಾಗ ಜಗಳ ಹತ್ತಿದ್ದು ಒಗಿಯೂ ಕಲ್ಲಿನ ತಗ್ಗಿಗಲ್ಲ, ಗುಲಾಬಿಗೆ.

ನಮ್ಮನಿಯವರು ರಿಟೈರ್ ಆದ ಮ್ಯಾಲೆ ಗುಲಾಬಿ ಹುಚ್ಚು ಹಚ್ಚಿಕೊಂಡ್ರು. ಹನ್ನೊಂದು ಗಿಡ. ಒಂದೊಂದಕ್ಕೂ ಒಂದೊಂದು ಹೆಸರು, ನನಗ ನೆನಪ ಉಳಿಯಂಗಿಲ್ಲ. ಗಿಡಕ್ಕ ಅಂತ ಶೇಂಗಾ ಹಿಂಡಿ ತಂದು, ಡಬ್ಬಿಯಾಗ ನೆನಿ ಹಾಕಿ, ನಾಕ ದಿನ ಕೊಳಸಿ ಬುಡಕ್ಕ ಹಾಕೂದು. ಮ್ಯಾಲೆ ಎಲುಬಿನ ಪುಡಿ. ಹಾಕಿದ ಮರುದಿನ ಮುಂಜಾನೆ ನೋಡಿದ್ರ ಗಿಡ ಮೂರು ಮಕಾಡೆ ಬಿದ್ದಾವ, ಗುಂಡ್ಯಾನ ಮೂಗಿನ ತುಂಬ ಮಣ್ಣು. "ಬೇಕಂತ ಮಾಡೈತಿ, ನನ್ನ ಮ್ಯಾಲಿನ ಸಿಟ್ಟಿಗೆ" ಅಂದ್ರು ಇವರು. ನಾ ಕಸಬರಿಗಿ ತೊಗೊಂಡು ಎರಡು ಕೊಟ್ಟೆ. ಸುಳ್ಳು ಯಾಕ ಹೇಳ್ಲಿ.

ಈಗ ನೀವ ವಿಚಾರ ಮಾಡ್ರಿ. ಎಲುಬಿನ ಪುಡಿಯನ್ನ, ಶೇಂಗಾ ಹಿಂಡಿಯನ್ನ ಮಣ್ಣಾಗ ಮುಚ್ಚಿಟ್ಟು, ನಾಯಿಗೆ ವಾಸನಿ ತೊಗೋಬ್ಯಾಡ ಅಂದ್ರ ಅದು ನಡಿಯೂ ಮಾತೇನು? ನನ್ನ ಮುಂದ ಬೀಗ ಹಾಕಿದ ಡಬ್ಬಿಯಾಗ ಧಾರವಾಡ ಪೇಢೆ ಇಟ್ಟು ಕೀಲಿ ಕೈ ನನ್ನ ಸೆರಗಿಗೆ ಕಟ್ಟಿದಂಗ ಆತು. ನಾವ ಊಟ ಬಡಿಸಿ, ಉಂಡದ್ದಕ್ಕ ನಾವ ಹೊಡದ್ವಿ.

ಹೊಡದಾಗ ಅದು ಬಾಲ ಕಾಲಾಗ ಹಾಕ್ಕೊಂಡು, ಕಿವಿ ಹಿಂದ ಮಾಡಿ, ನೆಲಕ್ಕ ಹತ್ತಿ ಕುಂದರತಿತ್ತು. "ನೋಡ್ರಿ, ತಪ್ಪು ಗೊತ್ತೈತಿ ಅದಕ್ಕ, ಮಾರಿ ನೋಡಿದ್ರ ತಿಳೀತೈತಿ" ಅಂತಿದ್ನಿ ನಾ. ಇದರ ಬಗ್ಗೆ ಮಗಳು ಒಮ್ಮಿ ಫೋನಿನ್ಯಾಗ ಹೇಳಿದ್ಲು. ಅಮೆರಿಕದಾಗ ಅಲೆಕ್ಸಾಂಡ್ರಾ ಹೊರೊವಿಟ್ಜ್ ಅಂತ ಒಬ್ಬಾಕಿ ವಿಜ್ಞಾನಿ 2009 ರಾಗ ಇದನ್ನ ಪರೀಕ್ಷಾ ಮಾಡಿ ಬರದಾಳಂತ. ನಾಯಿ ಮುಂದ ತಿನಿಸು ಇಟ್ಟು, ತಿನ್ನಬ್ಯಾಡ ಅಂತ ಹೇಳಿ ಸಾಕಿದವರನ್ನ ಹೊರಗ ಕಳಸೂದು. ಆಮ್ಯಾಲೆ ಕೆಲವು ಸಲ ನಾಯಿ ತಿನ್ನದಿದ್ರೂ ತಿಂದೈತಿ ಅಂತ ಅವರಿಗೆ ಹೇಳೂದು. ಅವರು ಬಂದು ಬೈತಾರ. ತಿಂದ ನಾಯಿನೂ ಅದ ಮಾರಿ ಮಾಡತಾವ, ತಿನ್ನದ ನಾಯಿನೂ ಅದ ಮಾರಿ ಮಾಡತಾವ. ಅಂದ್ರ ಆ ಮಾರಿ ನಮ್ಮ ಬೈಗುಳಕ್ಕ, ಅದರ ತಪ್ಪಿಗಲ್ಲ. ಕೇಳಿ ನನಗ ಹೊಟ್ಯಾಗ ಕಲಮಲ ಆತು. ರಾತ್ರಿ ತೋಡಿದ ತಗ್ಗಿಗೆ ಮುಂಜಾನೆ ಎಂಟಕ್ಕ ಹೊಡದ್ರ, ಅದಕ್ಕ ತಗ್ಗಿನ ನೆನಪ ಇರಂಗಿಲ್ಲ. ಮುಂಜಾನೆ ಎಂಟಕ್ಕ ಈಕಿಗೆ ಏನೋ ಆಗತೈತಿ, ದೂರ ಇರೂದು ಚೊಲೋ ಅಂತ ಕಲೀತೈತಿ.

ಆದ್ರ ಇದು ತಿಳಿಯೂ ಮೊದಲ ನಾ ಇನ್ನೂ ಕೆಟ್ಟದ್ದು ಮಾಡಿದ್ನಿ. ಓಣ್ಯಾಗ ಸಲಹಾ ಕೊಡೋರಿಗೇನು ಬರ ಇಲ್ಲ. ಒಬ್ಬರು ಖಾರಪುಡಿ ಉದುರಸ್ರಿ ಅಂದ್ರು. ಇನ್ನೊಬ್ಬರು ಅರಬಿ ಟ್ರಂಕಿನ್ಯಾಗ ಹಾಕೂ ಡಾಂಬರ ಗುಳಿಗಿ ಹುಗೀರಿ ಅಂದ್ರು. ಮತ್ತೊಬ್ಬರು ಅದರ ಹೇಲನ್ನ ಅದರ ತಗ್ಗಿನ್ಯಾಗ ಹಾಕಿ ಮುಚ್ಚರಿ ಅಂದ್ರು. ಗುಳಿಗಿ ನಾ ಹಾಕಲಿಲ್ಲ, ದೇವರು ದೊಡ್ಡಾವ, ಯಾಕಂದ್ರ ಆ ನ್ಯಾಫ್ತಲಿನ್ ಗುಳಿಗಿ ನುಂಗಿದ್ರ ನಾಯಿಗೆ ವಿಷ. ಖಾರಪುಡಿ ಹಾಕಿದ್ನಿ. ಬ್ಯಾಡಗಿದಲ್ಲ, ಗುಂಟೂರಿನ ಖಾರ. ಆ ರಾತ್ರಿ ಗುಂಡ್ಯಾ ಮೂಗು, ಕಣ್ಣು ಗ್ವಾಡಿಗೆ ತಿಕ್ಕಿ ತಿಕ್ಕಿ ಅಳ್ತಿತ್ತು. ಬಾಗಲಾ ತಗದು ನೋಡಿ, ಹಸಿ ಬಟ್ಟಿಲೆ ಒರಸಿ, ನೀರು ಹಾಕಿ ಕಣ್ಣು ತೊಳದ್ನಿ. ನನ್ನ ಕೈಗೂ ಖಾರ ಹತ್ತಿ ಉರೀತಿತ್ತು. ನನ್ನ ಕೈ ಕೈಯಾತು, ಅದರ ಮೂಗು ಮೂಗು. ಮನಷ್ಯಾಗಿಂತ ಎಷ್ಟೋ ಪಟ್ಟು ಸೂಕ್ಷ್ಮ ಮೂಗು ಅದು.

ಅದಾದ ಮ್ಯಾಲೆ ಸರಪಳಿ. "ಹೊಡಿಯೂದು ಬ್ಯಾಡ, ಖಾರ ಬ್ಯಾಡ, ಸುಮ್ಮ ಕಟ್ಟಿ ಬಿಡು" ಅಂದ್ರು ಇವರು. ನನಗೂ ಹೌದನಿಸ್ತು. ನುಗ್ಗಿಗಿಡಕ್ಕ ಕಟ್ಟಿದ್ವಿ. ಮೊದಲ ಹದಿನೈದು ದಿನ ಬೊಗಳ್ತು. ಆಮ್ಯಾಲೆ ಬೊಗಳೂದು ನಿಂತು, ಸರಪಳಿ ಹೋಗೂ ಮಟ ಒಂದು ಕಡೆಯಿಂದ ಇನ್ನೊಂದು ಕಡೆ, ಇನ್ನೊಂದು ಕಡೆಯಿಂದ ಈ ಕಡೆ ಅಡ್ಡಾಡಾಕ ಹತ್ತಿತು. ಗಿಡದ ಸುತ್ತ ಅರ್ಧಾ ಚಂದ್ರನ ಆಕಾರದಾಗ ಹುಲ್ಲು ಸವದು ಮಣ್ಣು ಕಂಡಿತು. ಕುತಗಿ ಕೆಳಗ ಕೂದಲಾ ಉದರಿ ಗಾಯ. ದಿನಾ ಸಂಜಿಕ ಹತ್ತು ಮಿನಿಟ ಬಿಚ್ಚತಿದ್ವಿ. ಆ ಹತ್ತು ಮಿನಿಟಿನ್ಯಾಗ ಅದು ಹುಚ್ಚು ಹಿಡದಂಗ ಕೆದರತಿತ್ತು, ಎರಡು ಕೈಲೆ, ಮಣ್ಣು ಕಂಪೌಂಡ್ ದಾಟಿ ಹೋಗೂವಂಗ. ನೋಡಿ, ಇದಕ್ಕ ಬಿಚ್ಚೂದ ಬ್ಯಾಡ ಅಂತ ಮತ್ತ ಕಟ್ಟತಿದ್ವಿ. ಎಂಥಾ ನ್ಯಾಯ!

ಒಂದು ಮಾತು ಭಾಳ ಮಂದಿಗೆ ಗೊತ್ತಿಲ್ಲ, ನನಗೂ ಗೊತ್ತಿದ್ದಿಲ್ಲ. ಪ್ರಾಣಿಗಳಿಗೆ ಹಿಂಸಾ ಕೊಡಬಾರದು ಅಂತ 1960 ರ ಒಂದು ಕಾಯ್ದೆ ಐತಿ. ಅದರ 11 ನೇ ಕಲಮಿನ್ಯಾಗ ಬರದಾರ, ತೀರಾ ಗಿಡ್ಡ ಇಲ್ಲಾ ತೀರಾ ವಜ್ಜಾದ ಸರಪಳಿಲೆ ಹೊತ್ತುಗಟ್ಲೆ ಕಟ್ಟೂದು ತಪ್ಪು. ನಾಯಿ ಅಂತನ ಹೆಸರು ತೊಗೊಂಡು ಬರದಾರ, ಯಾವಾಗ್ಲೂ ಕಟ್ಟಿ ಹಾಕೂ ನಾಯಿನ್ನ ಸರಿಯಾಗಿ ಅಡ್ಡಾಡಸದಿದ್ರ ಅದೂ ಅಪರಾಧ. ದಂಡ ಎಷ್ಟು ಅಂದ್ರ ಮೊದಲನೇ ಸಲಕ್ಕ ಹತ್ತು ರೂಪಾಯಿಂದ ಐವತ್ತು ರೂಪಾಯಿ. ಅರವತ್ತು ವರ್ಷದ ಹಿಂದ ಅದು ದೊಡ್ಡ ರೊಕ್ಕ ಇರಬೇಕು, ಈಗ ಒಂದು ಪ್ಲೇಟ್ ಗಿರ್ಮಿಟ್ಟು, ಎರಡು ಮಿರ್ಚಿ ತಿಂದ್ರ ಮುಗೀತು. ದಂಡಕ್ಕ ಅಂಜಿ ಯಾರೂ ಸರಪಳಿ ಬಿಚ್ಚಂಗಿಲ್ಲ. ಆದ್ರ ನಾ ಮಾಡಿದ್ದು ಶಿಸ್ತಲ್ಲ, ಕಾಯ್ದೆ ಪುಸ್ತಕದಾಗ ಅಪರಾಧ ಅಂತ ಬರದದ್ದು ಅಂತ ತಿಳದಾಗ ನನಗ ನಾಚಿಕಿ ಆತು.

ಸರಪಳಿ ಇದ್ದಾಗನ ದೊಡ್ಡ ಅನಾಹುತ ಆಗಿದ್ದು. ಇವರಿಗೆ ಯಾರೋ ಗುಲಾಬಿಗೆ ಬ್ಯಾರೆ ಹಿಂಡಿ ಹೇಳಿದ್ರು, ಶೇಂಗಾ ಹಿಂಡಿಗಿಂತ ಸೋವಿ, ಇರಿವಿನೂ ಬರಂಗಿಲ್ಲ ಅಂತ. ತಂದು ಹಾಕಿದ್ರು. ನಾಯಿ ಹೆಂಗೂ ಕಟ್ಟೈತೆಲ್ಲ, ಯಾರು ಕೆದರತಾರ ಅಂತ ಮ್ಯಾಲಮ್ಯಾಲೆನ ಹಾಕಿದ್ರು. ಒಂದು ಮುಂಜಾನೆ ನಾ ಕುತಗಿ ಗಾಯಕ್ಕ ಎಣ್ಣಿ ಹಚ್ಚಾಕ ಪಟ್ಟಾ ಬಿಚ್ಚಿದ್ನಿ. ಒಳಗ ಹಾಲು ಉಕ್ಕಿದ ವಾಸನಿ ಬಂತು, ಓಡಿ ಹೋದ್ನಿ. ತಿರುಗಿ ಬರೂದ್ರಾಗ ಗುಂಡ್ಯಾ ಗುಲಾಬಿ ಬುಡದಾಗ. ಮಣ್ಣಿನ ಜೋಡಿ ಹಿಂಡಿನೂ ತಿಂದಿತ್ತು. ಬೈದು ಕಟ್ಟಿದ್ನಿ, ಅಷ್ಟ.

ರಾತ್ರಿ ಹತ್ತರ ಸುಮಾರಿಗೆ ವಾಂತಿ ಚಾಲೂ ಆತು. ಹನ್ನೆರಡಕ್ಕ ಬೇಧಿ, ಅದರಾಗ ರಕ್ತ. ನಸುಕಿನ್ಯಾಗ ಎದ್ದು ನಿಂದರಾಕ ಆಗವಲ್ದು. ಆಟೋದವ್ನ ಕೈಕಾಲು ಹಿಡದು, ಹಳೇ ಕೌದಿಯೊಳಗ ಸುತ್ತಿ ದನದ ದವಾಖಾನಿಗೆ ಒಯ್ದ್ವಿ. ಡಾಕ್ಟರು ನೋಡಿ ಮೊದಲ ಕೇಳಿದ ಪ್ರಶ್ನೆ, "ಗಿಡಕ್ಕ ಏನ ಹಾಕೀರಿ?" ಇವರು ಮನಿಗೆ ಹೋಗಿ ಚೀಲಾ ತಂದು ತೋರಿಸಿದ್ರು. ಔಡಲ ಹಿಂಡಿ.

ಔಡಲೆಣ್ಣಿ ನಮಗೆಲ್ಲ ಗೊತ್ತು. ಸಣ್ಣವರಿದ್ದಾಗ ಅವ್ವ ಮೂಗು ಹಿಡದು ಕುಡಸತಿದ್ಲು, ಹೊಟ್ಟಿ ಹಸನ ಆಗ್ಲಿ ಅಂತ. ಕೂಸಿನ ನೆತ್ತಿಗೆ ಹಚ್ಚೂದೂ ಅದ. ಅಂಥಾ ಔಡಲದಾಗ ವಿಷ ಇರತೈತಿ ಅಂದ್ರ ನಂಬಿಕಿ ಬರಲಿಲ್ಲ. ಡಾಕ್ಟರು ಬಿಡಿಸಿ ಹೇಳಿದ್ರು. ಔಡಲ ಬೀಜದಾಗ ರೈಸಿನ್ ಅಂತ ವಿಷ ಇರತೈತಿ. ಅದು ಎಣ್ಣಿಯಾಗ ಕರಗಂಗಿಲ್ಲ, ಹಿಂಗಾಗಿ ಎಣ್ಣಿಗೆ ಬರಂಗಿಲ್ಲ, ಹಿಂಡಿಯೊಳಗ ಉಳೀತೈತಿ. ಚೊಲೋತಂಗ ಕಾಸಿದ್ರ ಮಾತ್ರ ಅದರ ಶಕ್ತಿ ಹೋಗತೈತಿ. ಗಿಡಕ್ಕ ಅದು ಅಮೃತ, ನಾಯಿಗೆ, ದನಕ್ಕ ಮೃತ್ಯು. ಅದಕ್ಕ ಇಂಥಾದ್ದ ಮದ್ದು ಅಂತಿಲ್ಲ, ಸಲಾಯಿನ್ ಹಚ್ಚಿ, ವಾಂತಿ ನಿಂದ್ರಸಿ, ತಡಕೊಂಡ್ರ ಉಳೀತೈತಿ ಅಂದ್ರು.

ಮೂರು ದಿನ ಸಲಾಯಿನ್. ಮುಂಜಾನೆ ಒಯ್ಯೂದು, ಮಧ್ಯಾಹ್ನಕ್ಕ ತರೂದು. ರಾತ್ರಿ ಪಡಸಾಲ್ಯಾಗ ಕೌದಿ ಮ್ಯಾಲೆ ಹಾಕ್ಕೊಂಡು ನಾ ಬಾಜೂಕ ಕುಂದರೂದು. ನಾಯಿ ಒಳಗ ಬರಬಾರದು ಅಂತ ಹತ್ತು ಸಲ ಅಂದವರು ನಮ್ಮ ಅತ್ತಿಯವರು, ಎಂಬತ್ತೆರಡು ವರ್ಷ, ಅವರ ತಮ್ಮ ಹಾಸಿಗಿ ಮ್ಯಾಲಿನ ದುಪ್ಪಟಿ ತಗದು ಕೊಟ್ರು. ನಮ್ಮನಿಯವರು ಎರಡು ದಿನ ಉಣ್ಣಲಿಲ್ಲ ಅಂದ್ರೂ ನಡೀತೈತಿ, ತಾಟಿನ ಮುಂದ ಕುಂತು ಎದ್ದು ಹೋಗತಿದ್ರು. ಮೂರನೇ ದಿನ ಪುಣೆದಿಂದ ಮಗ ಫೋನ್ ಮಾಡಿ, "ಪಪ್ಪಾ, ಅದನ್ನ ಊರಾಗಿನ ಹೊಲಕ್ಕ ಬಿಟ್ಟು ಬರ್ರಿ, ನಿಮಗ ಈ ವಯಸ್ಸಿನ್ಯಾಗ ಯಾಕ ಬೇಕು ತ್ರಾಸ" ಅಂದ. ತಿಂಗಳ ಹಿಂದ ಇದ ಮಾತು ಇವರ ಅಂದಿದ್ರು. ಆವತ್ತು ಫೋನ್ ಹಿಡಕೊಂಡು ಭಾಳ ಹೊತ್ತು ಸುಮ್ಮ ಇದ್ದು, "ವಿಷ ಹಾಕಿದಾವ ನಾ, ಹೊಲಕ್ಕ ಹೋಗೂದಿದ್ರ ನಾ ಹೋಗಬೇಕು" ಅಂದ್ರು. ಮೂವತ್ತೊಂದು ವರ್ಷದ ಸಂಸಾರದಾಗ ಇವರು ತಪ್ಪು ಒಪ್ಪಿದ್ದು ನಾ ಕೇಳಿದ್ದು ಅದ ಎರಡನೇ ಸಲ.

ಗುಂಡ್ಯಾ ಉಳೀತು. ನಾಕನೇ ದಿನ ಒಂದು ಬಟ್ಟಲ ಗಂಜಿ ನೆಕ್ಕಿತು. ಸರಪಳಿ ಮತ್ತ ಹಾಕಲಿಲ್ಲ.

ಆಮ್ಯಾಲೆ ಏನ ಮಾಡಿದ್ವಿ ಅನ್ನೂದು ಹೇಳ್ತೇನಿ, ಮಾಡೋರಿಗೆ ಉಪಯೋಗ ಆಗ್ಲಿ. ಮೊದಲ ಔಡಲ ಹಿಂಡಿ ಹಾಕಿದ ಮಣ್ಣು ಪೂರಾ ತಗದು ಚೀಲದಾಗ ಕಟ್ಟಿ ಹೊರಗ ಹಾಕಿದ್ವಿ. ಎಲುಬಿನ ಪುಡಿ, ಶೇಂಗಾ ಹಿಂಡಿ ಬಂದ್. ಈಗ ಹಳೇ ಸಗಣಿ ಗೊಬ್ಬರ, ಜೋಡಿ ಚೂರು ಬೇವಿನ ಹಿಂಡಿ. ಅದು ಕಹಿ, ಅದರ ವಾಸನಿಗೆ ಗುಂಡ್ಯಾ ಸೀನಿ ಹೋಗಿ ಬಿಡತೈತಿ. ಗಿಡದ ಸುತ್ತ ಕೋಳಿ ಜಾಳಗಿ ಹಾಸಿ, ಮ್ಯಾಲೆ ಎರಡು ಬೆರಳು ಮಣ್ಣು, ಅಂಚಿಗೆ ಫರಸಿ ಕಲ್ಲಿನ ತುಣುಕು ಇಟ್ಟೇವಿ. ಜಾಳಗಿ ಚುಚ್ಚೂ ತುದಿ ಕೆಳಗ ಮಡಚಿರಬೇಕು, ಇಲ್ಲಂದ್ರ ಅಂಗಾಲು ಹರೀತಾವ. ಗುಲಾಬಿ ಮೊದಲಿನಷ್ಟು ದೊಡ್ಡ ಹೂ ಬಿಡಂಗಿಲ್ಲ ಅಂತ ಇವರದ್ದು ಗೊಣಗಾಟ ಐತಿ. ಇರ್ಲಿ.

ಎರಡನೇದ್ದು ಅಡ್ಡಾಡಸೂದು. ಮುಂಜಾನೆ ಮುಕ್ಕಾಲು ತಾಸು ಇವರು, ಸಂಜಿಕ ಅರ್ಧಾ ತಾಸು ನಾನು. ಇದರಾಗ ರಿಯಾಯತಿ ಇಲ್ಲ. ಮಳಿ ಬಂದ ದಿನ ಅಡ್ಡಾಡಲಿಲ್ಲ ಅಂದ್ರ ಮರುದಿನ ಹಿತ್ತಲದಾಗ ಲೆಕ್ಕಾ ಸಿಗತೈತಿ. ಓಡೂ ನಾಯಿಗೆ ಓಡಾಕ ಬಿಡದಿದ್ರ ಅದರ ಕಾಲಾಗಿನ ಕಸುವು ಮಣ್ಣಾಗ ಇಳೀತೈತಿ.

ಮೂರನೇದ್ದು ನನ್ನ ಸ್ವಂತದ್ದು, ಅದರ ಮ್ಯಾಲೆ ನನಗ ಚೂರು ಹೆಮ್ಮಿ. ಅದಕ್ಕ ತೋಡಾಕ ಅದರದ ಒಂದು ಜಾಗಾ ಕೊಟ್ಟೇವಿ. ದವಾಖಾನ್ಯಾಗ ಒಬ್ಬರು ಡ್ಯಾಶ್‌ಹೌಂಡ್ ನಾಯಿ ತಂದಿದ್ರು, ಗಿಡ್ಡ ಕಾಲಿನ ಉದ್ದ ಮೈದು. ಅವರು ಹೇಳಿದ್ರು, ಆ ಹೆಸರಿನ್ಯಾಗ ಇರೂ ಡ್ಯಾಶ್ ಅಂದ್ರ ಜರ್ಮನ್ ಭಾಷಾದಾಗ ಬ್ಯಾಡ್ಜರ್ ಅಂತ, ಬಿಲದಾಗ ಇರೂ ಪ್ರಾಣಿ, ಅದನ್ನ ಬಿಲ ತೋಡಿ ಹಿಡಿಯಾಕ ಬೆಳೆಸಿದ ಜಾತಿ ಇದು. ಟೆರಿಯರ್ ಅನ್ನೂ ಹೆಸರೂ ಲ್ಯಾಟಿನ್ನಿನ ಮಣ್ಣು ಅನ್ನೂ ಶಬ್ದದಿಂದ ಬಂದದ್ದಂತ. ಮನಷ್ಯಾನ ತೋಡು ತೋಡು ಅಂತ ನೂರಾರು ವರ್ಷ ನಾಯಿಗೆ ಕಲಿಸ್ಯಾನ, ಈಗ ಗುಲಾಬಿ ಹಚ್ಚಿಕೊಂಡು ತೋಡಬ್ಯಾಡ ಅಂದ್ರ ಅದು ಯಾರ ಮಾತ ಕೇಳಬೇಕು? ಬಿಡಿಸೂದಾಗಂಗಿಲ್ಲ, ಜಾಗಾ ಬದಲ ಮಾಡೂದಷ್ಟ ಆಗತೈತಿ. ಅವರ ಮನ್ಯಾಗ ಉಸುಕಿನ ತಗ್ಗು ಮಾಡ್ಯಾರಂತ ಕೇಳಿ ಬಂದು ನಾನೂ ಮಾಡಿಸಿದ್ನಿ.

ಲಿಂಬಿಗಿಡದ ನೆರಳಾಗ ನಾಕ ಫೂಟ ಉದ್ದ, ಮೂರು ಫೂಟ ಅಗಲ, ಒಂದೂವರಿ ಫೂಟ ಆಳ. ಸುತ್ತ ಇಟ್ಟಂಗಿ. ಬಾಜೂಕ ಮನಿ ಕಟ್ಟಿಸಿದವರ ಕಡೆ ಉಸುಕು ಉಳದಿತ್ತು, ಕೇಳಿ ತಂದು, ಸಾಣಿಗಿ ಹಿಡದು ಕಲ್ಲು ಗಾಜು ತಗದು, ಅರ್ಧಾ ಉಸುಕು ಅರ್ಧಾ ಮಣ್ಣು ಕಲಸಿ ತುಂಬಿದ್ವಿ. ಮೊದಲನೇ ದಿನ ಅದು ಅಲ್ಲೆ ಹೊಳ್ಳಿನೂ ನೋಡಲಿಲ್ಲ. ಅದರ ಕಣ್ಣ ಮುಂದನ ಕಡಕ್ ರೊಟ್ಟಿ ತುಣುಕು ಉಸುಕಿನ್ಯಾಗ ಅರ್ಧಾ ಕಾಣೂವಂಗ ಇಟ್ಟು, "ಇಲ್ಲೆ ತೋಡು" ಅಂದ್ನಿ. ಮೂಗಿಲೆ ತಗದು ತಿಂತು. ಶಭಾಷ್ ಅಂದ್ನಿ. ಮರುದಿನ ಪೂರಾ ಮುಚ್ಚಿ ಇಟ್ನಿ. ಮೂರನೇ ದಿನ ಒಂದು ಗೇಣ ಆಳ. ದಿನಾ ಒಂದ ಜಾಗಾದಾಗ ಅಲ್ಲ, ಒಮ್ಮಿ ಈ ಮೂಲಿ, ಒಮ್ಮಿ ಆ ಮೂಲಿ. ಗಜ್ಜರಿ ತುಣುಕು, ರೊಟ್ಟಿ, ಒಮ್ಮೊಮ್ಮಿ ಅದರ ಹಳೇ ಚೆಂಡು. ಒಣದ್ರಾಕ್ಷಿ ಮಾತ್ರ ಯಾರೂ ಇಡಬ್ಯಾಡ್ರಿ, ಉಳ್ಳಾಗಡ್ಡಿ ಹಾಕಿದ್ದೂ ಬ್ಯಾಡ, ಎರಡೂ ನಾಯಿಗೆ ಆಗಿ ಬರಂಗಿಲ್ಲ.

ಗುಲಾಬಿ ಕಡೆ ಕೈ ಹಚ್ಚಿದ್ರ ಆಗಿಂದಾಗ "ಬ್ಯಾಡ" ಅಂತ ಒಂದ ಮಾತು, ಚೀರೂದಲ್ಲ, ಗಟ್ಟಿ ಧ್ವನಿಲೆ. ಹಿಂದನ ಕರಕೊಂಡು ಉಸುಕಿಗೆ ಬರೂದು, "ಇಲ್ಲೆ ತೋಡು". ತೋಡಿದ್ರ ಶಭಾಷ್ ಮತ್ತ ರೊಟ್ಟಿ. ನಾ ನೋಡದಾಗ ತೋಡಿದ ತಗ್ಗಿಗೆ ಏನೂ ಅನ್ನಂಗಿಲ್ಲ, ಮುಚ್ಚಿ ಸುಮ್ಮನಾಗೂದು. ಇದು ಭಾಳ ಕಷ್ಟದ್ದು. ನಾಲಿಗಿ ಹಲ್ಲಾಗ ಹಿಡಕೋಬೇಕು. ಮನಿಯವರೆಲ್ಲಾ ಒಂದ ಶಬ್ದ ಅನ್ನಬೇಕು ಅನ್ನೂದೂ ಐತಿ. ನಾ "ಬ್ಯಾಡ" ಅಂದ್ರ ಇವರು "ನೋ" ಅಂತಿದ್ರು, ಅತ್ತಿಯವರು "ಹಚಾ" ಅಂತಿದ್ರು. ನಾಯಿಗೆ ಮೂರು ಭಾಷಾ ಕಲಸಿದಂಗ ಆಗತಿತ್ತು.

ಒಂದೂವರಿ ತಿಂಗಳು ಹಿಡೀತು. ನಡುವ ಫಜೀತಿನೂ ಆದುವು. ಓಣಿಯಾಗಿನ ಬೆಕ್ಕೆಲ್ಲ ಉಸುಕು ನೋಡಿ ಪಾಯಖಾನಿ ಸಿಕ್ಕಿತಂತ ಬರಾಕ ಹತ್ತಿದ್ವು. ಈಗ ರಾತ್ರಿ ಹಳೇ ತಗಡು ಮುಚ್ಚತೇವಿ. ಮೈಗೆ ಹತ್ತಿದ ಉಸುಕು ಅಡಗಿಮನಿ ತನಕ ಬರತೈತಿ, ಬಾಗಲದಾಗ ಗೋಣಿತಟ್ಟು ಹಾಸೇನಿ. ಬ್ಯಾಸಗ್ಯಾಗ ಮಧ್ಯಾಹ್ನ ಒಂದು ತಂಬಗಿ ನೀರು ಉಸುಕಿಗೆ ಚಿಮುಕಸತೇನಿ, ಅದರಾಗನ ಹೊಟ್ಟಿ ಊರಿ ಮಲಗತೈತಿ. ಒಗಿಯೂ ಕಲ್ಲಿನ ಕಡೆ ಈಗ ಹೋಗಂಗಿಲ್ಲ.

ಒಂದು ತಗ್ಗು ಮಾತ್ರ ಎಷ್ಟು ಬ್ಯಾಡ ಅಂದ್ರೂ ಬಿಡಲಿಲ್ಲ, ಹಿಂದಿನ ಕಂಪೌಂಡ್ ಗ್ವಾಡಿ ಬುಡಕ್ಕ. ದಿನಾ ಅಲ್ಲೆ ಮೂಗು. ನಮ್ಮನಿಯವರು ಸಲಿಕಿ ತೊಗೊಂಡು ತಗದು ನೋಡಿದ್ರ ಹೆಗ್ಗಣದ ಬಿಲ, ನೇರ ಬಚ್ಚಲಮನಿ ಬುನಾದಿ ಕಡೆ ಹೊಂಟಿತ್ತು. ಅದಕ್ಕ ನಾಯಿನ್ನ ಬೈಯೂದೇನು, ಪಗಾರ ಕೊಡಬೇಕು. ಬಿಲದಾಗ ಕಲ್ಲು, ಸಿಮೆಂಟ್ ತುಂಬಿದ್ವಿ. ಇಲಿ ಔಷಧ ಹಾಕಲಿಲ್ಲ, ವಿಷ ಅನ್ನೂದು ಈ ಕಂಪೌಂಡ್ ಒಳಗ ಬರೂದ ಬ್ಯಾಡ ಅಂತ ಠರಾಯಿಸೇವಿ.

ಇಷ್ಟೆಲ್ಲ ಹೇಳಿದ್ರ ಒಂದು ಮಾತು ಬರತೈತಿ ಅಂತ ನನಗ ಗೊತ್ತೈತಿ. "ಮನಷ್ಯಾರಿಗೆ ಟೈಮಿಲ್ಲ, ನಾಯಿಗೆಲ್ಲಿಂದ ತರೂದ್ರಿ?" ಖರೇ ಐತಿ. ಮುಂಜಾನೆ ಎದ್ದು ರೊಟ್ಟಿ ಬಡದು, ನೀರು ಬಂದ ದಿನ ನೀರು ಹಿಡದು, ಅತ್ತಿಯವರ ಗುಳಿಗಿ ನೋಡಿ, ಅಂಗಳಾ ಬಳದ ಬಾಯಿಗೆ ಹಿತ್ತಲದಾಗ ಐದು ತಗ್ಗು ಕಂಡ್ರ ತಲಿ ಕೆಡದ ಇರತೈತೇನು? ಸರಪಳಿ ಹಾಕೂದು ಭಾಳ ಸಲ ಹೆಣ್ಣಮಕ್ಕಳ, ಅದು ಕಲ್ಲ ಮನಸಂತಲ್ಲ, ತಗ್ಗು ಮುಚ್ಚಾವರು ಬ್ಯಾರೆ ಯಾರೂ ಇಲ್ಲಂತ. ನಮ್ಮನ್ಯಾಗೂ ಅನಾಹುತ ಆಗೂ ತನಕ ಹಂಗ ಇತ್ತು. ಹಿಂಗಾಗಿ ನನ್ನ ಮಾತು ನಾಯಿ ಕಟ್ಟಿದವರಿಗಷ್ಟ ಅಲ್ಲ, ನಾಯಿ ತರೋರಿಗೂ ಐತಿ. ಮರಿ ಭಾಳ ಛಂದ ಇರತೈತಿ. ಅದನ್ನ ಎತಗೊಂಡು ಬರೂ ಮೊದಲ ಮನ್ಯಾಗ ಕುಂತು ಕೇಳ್ರಿ, ಮುಂಜಾನೆ ಯಾರು ಅಡ್ಡಾಡಸತೀರಿ, ಸಂಜಿಕ ಯಾರು, ಊರಿಗೆ ಹೋದ್ರ ಯಾರು. "ಮಮ್ಮಿ ಅದಾಳಲ್ಲ" ಅನ್ನೂದು ಉತ್ತರ ಅಲ್ಲ. ಆ ಉತ್ತರಾ ಬಂದ ಮನಿಗೆ ಮರಿ ತರಬ್ಯಾಡ್ರಿ. ಜಾಗಾ ಇಲ್ಲ ಅನ್ನೋರು ಒಂದು ಹಳೇ ಬಾನಿಯಾಗ, ಇಲ್ಲಾ ಒಡದ ಸಿಂಟೆಕ್ಸ್ ಟಾಕಿ ಅರ್ಧಾ ಕೊಯ್ಸಿ ಅದರಾಗ ಉಸುಕು ತುಂಬಿದ್ರೂ ನಡೀತೈತಿ. ಮನಸಿದ್ರ ಜಾಗಾ ಸಿಗತೈತಿ, ಅಡ್ಡಾಡಸೂ ಮನಷ್ಯಾ ಸಿಗೂದ ಕಷ್ಟ.

ಗುಂಡ್ಯಾ ಪೂರಾ ಸುಧಾರಸೈತಿ ಅಂತ ಹೇಳಿದ್ರ ಸುಳ್ಳಾದೀತು. ಮೊನ್ನಿ ಹೊಸಾ ಕರಿಬೇವಿನ ಅಗಿ ಹಚ್ಚಿದ್ವಿ, ಮಣ್ಣು ಸಡಲ ಇತ್ತು ನೋಡ್ರಿ, ಮರುದಿನ ಅಗಿ ಒಂದು ಕಡೆ, ಬೇರು ಒಂದು ಕಡೆ. ನಾ ಸೊಂಟದ ಮ್ಯಾಲೆ ಕೈ ಇಟ್ಟು ನಿಂತಿದ್ನಿ. ಇವರು ಒಂದ ಮಾತಾಡದ ಕುರ್ಪಿ ತಂದು ಮತ್ತ ಹಚ್ಚಿ, ಸುತ್ತ ನಾಕ ಫರಸಿ ತುಣುಕು ಇಟ್ಟು, ನಾಯಿ ಕರಕೊಂಡು ಅಡ್ಡಾಡಾಕ ಹೋದ್ರು.

ನಮ್ಮ ಕಡೆ ಇನ್ನೂ ಎರಡು ಚೀಲ ಉಸುಕು ಉಳದೈತಿ. ಬರೂ ಗುರುವಾರ ಆ ಅಕ್ಕಾರ ಮನಿಗೆ ಹೋಗಬೇಕಂತ ಮಾಡೇನಿ. ಮಾತು ಹೆಂಗ ತಗಿಯೂದು ಅನ್ನೂದು ಇನ್ನೂ ಹೊಳದಿಲ್ಲ. ಮೊದಲ ಗಿಡಕ್ಕ ಯಾವ ಹಿಂಡಿ ಹಾಕೀರಿ ಅಂತ ಕೇಳತೇನಿ.